ನ್ಯಾಯಪೀಠದ ಮುಂದೆ ಭೂತಾಳ ಪಾಂಡ್ಯ: ಅಳಿಯಸಂತಾನ ಗ್ರಂಥದ ಪ್ರಾಮಾಣ್ಯ ವಿಚಾರ

ಜಟಿಲ ವ್ಯಾಜ್ಯಗಳನ್ನು ಬಗೆಹರಿಸಿದ ವಿವೇಕಿ ನ್ಯಾಯಾಧಿಕಾರಿಯ ಕಥೆಗಳು ಹಲವು ಸಮಾಜಗಳಲ್ಲಿವೆ. ಜಪಾನಿನ ಎಡೊ ನಗರದಲ್ಲಿ 1717ರಿಂದ ಅಧಿಕಾರದಲ್ಲಿದ್ದ ಓಓಕ ತಾದಾಸುಕೆಯ ಹೆಸರಿನಲ್ಲಿ ಪ್ರಚಲಿತವಿರುವ ತೀರ್ಪುಗಳಲ್ಲಿ ಹೆಚ್ಚಿನವು ಆತನವಲ್ಲ; ಬೇರೆಡೆಯಿಂದ ಬಂದು ಆ ಹೆಸರನ್ನು ಆಶ್ರಯಿಸಿದವು. ವ್ಯಕ್ತಿನಾಮವೊಂದು ಹೀಗೆ ನ್ಯಾಯದ ಪ್ರಮಾಣವಾಗುವುದಕ್ಕೆ ತುಳುನಾಡಿನ ನಿದರ್ಶನ ಭೂತಾಳ ಪಾಂಡ್ಯ.

ಐತಿಹ್ಯದ ಪ್ರಕಾರ ಕುಂಡೋದರನೆಂಬ ಭೂತವು ದೇವಪಾಂಡ್ಯನ ಹಡಗುಗಳ ಸಲುವಾಗಿ ನರಬಲಿಯನ್ನು ಬೇಡಿತು. ಅವನ ಮಡದಿ ಮಕ್ಕಳನ್ನು ಕೊಡಲೊಪ್ಪಲಿಲ್ಲ. ಸಹೋದರಿ ತನ್ನ ಮಗ ಜಯಪಾಂಡ್ಯನನ್ನು ಒಪ್ಪಿಸಿದಳು. ಬದುಕುಳಿದ ಆತನೇ ಭೂತಾಳ ಪಾಂಡ್ಯನಾಗಿ, ಆಸ್ತಿ ಸೋದರಳಿಯನಿಗೆ ಸಲ್ಲಬೇಕೆಂಬ ಕಟ್ಟನ್ನು ವಿಧಿಸಿದನು.

1799ರಲ್ಲಿ ಕೆನರಾ ಪ್ರಾಂತ್ಯ ಕಂಪನಿಯ ವಶವಾದ ಬಳಿಕ ಗುತ್ತು–ಬರ್ಕೆಗಳ ದಾಯವಿವಾದಗಳು ಕೋರ್ಟಿನ ಮೆಟ್ಟಿಲೇರಿದವು. ಕೋರ್ಟು ಲಿಖಿತ ಆಧಾರವನ್ನು ಬಯಸಿತು. ಭೂತಾಳ ಪಾಂಡ್ಯನ ಹೆಸರಿನ ಕಟ್ಟುಕಟ್ಟಳೆಯ ಗ್ರಂಥ ಆ ಸ್ಥಾನಕ್ಕೆ ಬಂದಿತು. ಎಲ್ಲರ ಸಮ್ಮತಿಯಿಲ್ಲದೆ ಕುಟುಂಬದ ಆಸ್ತಿಯನ್ನು ಪಾಲು ಮಾಡುವಂತೆ ಯಾರೂ ಒತ್ತಾಯಿಸಲಾಗದೆಂದು ಮದ್ರಾಸ್ ಹೈಕೋರ್ಟು 1863ರ ಮುಂಡ ಚೆಟ್ಟಿ ಪ್ರಕರಣದಲ್ಲಿ ನಿರ್ಣಯಿಸಿತು. ಇದರಿಂದ ಹೆಣ್ಣಿನ ಸಂತತಿಯ ಆಸ್ತಿ ಒಡೆಯದೆ ಉಳಿಯಿತು. ಆದರೆ ಕಿರಿಯ ಕವಲುಗಳು ಯಜಮಾನಿಕೆಯ ಮರ್ಜಿಗೆ ಒಳಪಟ್ಟವು.

ಮಂಗಳೂರಿನಲ್ಲಿ ನ್ಯಾಯಾಧೀಶರಾಗಿದ್ದ ಎ.ಸಿ. ಬರ್ನೆಲ್ ಈ ಗ್ರಂಥದ ಪ್ರಾಚೀನತೆಯನ್ನು ಒಪ್ಪದೆ, ಅದನ್ನು ಈಚಿನ ಕೃತಕ ರಚನೆಯೆಂದು ಬಗೆದರು. ದಕ್ಷಿಣ ಭಾರತದ ಲಿಪಿಶಾಸ್ತ್ರವನ್ನು ಕುರಿತ ಅವರ ಕೃತಿ 1874ರಲ್ಲಿ ಮಂಗಳೂರಿನ ಬಾಸೆಲ್ ಮಿಶನ್ ಮುದ್ರಣಾಲಯದಲ್ಲೇ ಅಚ್ಚಾಯಿತು. ಗ್ರಂಥಪರೀಕ್ಷೆಯ ವಿವೇಕ ಹೀಗೆ ನ್ಯಾಯಪೀಠವನ್ನೂ ತಲುಪಿತು.

ಆದರೆ ಗ್ರಂಥ ಕೃತಕವಾದ ಮಾತ್ರಕ್ಕೆ ಆಚರಣೆ ಕೃತಕವಾಗದು. ಅಳಿಯಸಂತಾನವು ಬಾಳಿದ್ದು ಮನೆತನಗಳ ನಡಾವಳಿಯಲ್ಲಿ, ಓಲೆಯಲ್ಲಲ್ಲ. ಗ್ರಂಥದ ಕಾಲ, ರೂಢಿಯ ಅಸ್ತಿತ್ವ, ಕೋರ್ಟು ಆ ರೂಢಿಗೆ ಕೊಟ್ಟ ರೂಪ—ಈ ಮೂರನ್ನೂ ಬೇರೆಬೇರೆಯಾಗಿಯೇ ಪರೀಕ್ಷಿಸಬೇಕು. 1949ರ ಮದ್ರಾಸ್ ಅಳಿಯಸಂತಾನ ಕಾಯಿದೆ ಕವರುಗಳಿಗೆ ಪಾಲು ಕೇಳುವ ಹಕ್ಕನ್ನು ನೀಡಿದಾಗ ಬದಲಾದದ್ದು ಮುಖ್ಯವಾಗಿ ಮೂರನೆಯದು. 1956ರ ಹಿಂದೂ ಉತ್ತರಾಧಿಕಾರ ಕಾಯಿದೆ ಆ ಬದಲಾವಣೆಯನ್ನು ಮುಂದುವರಿಸಿತು.

ಲಿಖಿತ ಕಟ್ಟನ್ನು ಶಂಕಿಸಿದ ಬರ್ನೆಲ್ ತುಳುವರ ಭೂತಾರಾಧನೆಯ ಮೌಖಿಕ ಪಠ್ಯಗಳನ್ನು ಸಂಗ್ರಹಿಸಿದ್ದರೆಂಬುದು ಗಮನಾರ್ಹ. 1882ರಲ್ಲಿ ಅವರು ತೀರಿಕೊಂಡ ಮೇಲೆ, 1894ರಿಂದ ಅವು ಪ್ರಕಟಗೊಂಡವು. ತುಳುನಾಡಿನ ನ್ಯಾಯಪರಂಪರೆಯನ್ನು ಅರಸುವವರು ಕಡತಗಳೊಂದಿಗೆ ಪಾಡ್ದನಗಳನ್ನೂ ಸಾಕ್ಷಿಯಾಗಿ ಕರೆಯಬೇಕಾಗುತ್ತದೆ. ಎರಡನ್ನೂ ಸಮಾನವಾಗಿ ಪಾಟೀಸವಾಲಿಗೆ ಒಳಪಡಿಸಬೇಕಾಗುತ್ತದೆ.