ಇಥಿಯೋಪಿಯಾ ದೇಶದ "ಸಿಗಾ ವೊಟ್": ಗೃಹಿಣಿಯರಿಗೆ ಒಂದು ಪಾಕಪಾಠ

ಪರದೇಶದ ಅಡಿಗೆಯೊಂದನ್ನು ಕಲಿಯಬೇಕೆಂದು ಮನಸ್ಸು ಮಾಡಿದವರು ಮೊದಲು ಸಾಮಗ್ರಿಗಳ ಪಟ್ಟಿಯನ್ನು ಕೇಳುವುದು ವಾಡಿಕೆ. ಪಟ್ಟಿಯು ಅವಶ್ಯವೇ ಸರಿ. ಆದರೆ ಆ ಅಡಿಗೆಯ ಯಾವ ಘಟ್ಟದಲ್ಲಿ ಅವಸರಪಡಬಹುದು, ಯಾವ ಘಟ್ಟದಲ್ಲಿ ಎಷ್ಟು ಮಾತ್ರವೂ ಅವಸರಪಡಕೂಡದು ಎಂಬುದನ್ನು ತಿಳಿಯದೆ ಒಲೆ ಹೊತ್ತಿಸಿದರೆ, ಹಣ ಕೊಟ್ಟು ತಂದ ಮಾಂಸವೂ ಅರ್ಧ ದಿನದ ಶ್ರಮವೂ ವ್ಯರ್ಥವಾಗುವುವು. ಈ ಮಾತಿಗೆ ಒಳ್ಳೆಯ ದೃಷ್ಟಾಂತವು ಇಥಿಯೋಪಿಯಾ ದೇಶದವರ ಖಾರವಾದ ದನದ ಮಾಂಸದ ಅಡಿಗೆ. ಗೃಹಕೃತ್ಯದ ಪಾಠಗಳನ್ನು ಕಲಿತು ಈಗ ಸ್ವಂತ ಮನೆಗಳನ್ನು ನಡಿಸುತ್ತಿರುವ ಹಳೆಯ ವಿದ್ಯಾರ್ಥಿನಿಯರಿಗೂ, ಮಕ್ಕಳಿಗೆ ಅಡಿಗೆಯ ಕೆಲಸವನ್ನು ಕಲಿಸುತ್ತಿರುವ ತಾಯಿತಂದೆಗಳಿಗೂ ಉಪಯೋಗವಾಗಲೆಂದು ಅದನ್ನು ಇಲ್ಲಿ ಕ್ರಮವಾಗಿ ವಿವರಿಸುವೆವು.

೧. ದೇಶವೂ ಅದರ ಊಟವೂ

ಹಿಂದಿನ ಭೂಗೋಳ ಪುಸ್ತಕಗಳಲ್ಲಿ ಅಬಿಸೀನಿಯಾ ಎಂದು ಕರೆಯಲ್ಪಡುತ್ತಿದ್ದ ಇಥಿಯೋಪಿಯಾವು ಆಫ್ರಿಕ ಖಂಡದ ಪೂರ್ವಭಾಗದಲ್ಲಿರುವ ದೇಶ. ಅದರ ಬಹುಭಾಗವು ಎತ್ತರವಾದ ಪ್ರಸ್ಥಭೂಮಿ. ರಾಜಧಾನಿಯಾದ ಅದ್ದಿಸ್ ಅಬಬಾ ಪಟ್ಟಣವು ಸಮುದ್ರಮಟ್ಟಕ್ಕಿಂತ ಸುಮಾರು ೨,೩೫೦ ಮೀಟರ್ ಎತ್ತರದಲ್ಲಿದೆ. ಈ ಪಟ್ಟಣವು ೧೮೮೬ರಲ್ಲಿ ಸ್ಥಾಪಿತವಾಯಿತು. ಬಿಸಿನೀರಿನ ಬುಗ್ಗೆಗಳಿದ್ದ ಆ ಸ್ಥಳವನ್ನು ಮೆಚ್ಚಿ, "ಹೊಸ ಹೂವು" ಎಂಬರ್ಥದ ಆ ಹೆಸರನ್ನಿಟ್ಟವಳು ಮೆನೆಲಿಕ್ ದೊರೆಯ ಪತ್ನಿಯಾದ ತಾಯ್ತು ಬೆತುಲ್ ರಾಣಿ. ೧೮೮೭ರಲ್ಲಿ ಎಂಟೊಟೊ ಬೆಟ್ಟದ ಮೇಲಣ ಮರಿಯಳ ದೇವಾಲಯದ ಪ್ರತಿಷ್ಠೆಯ ಕಾಲದಲ್ಲಿ ಆಕೆಯು ನಡಿಸಿದ ಮಹಾ ಔತಣವು ಆ ದೇಶದ ಪಾಕಚರಿತ್ರೆಯಲ್ಲಿ ಪ್ರಸಿದ್ಧವಾಗಿದೆ. ೧೮೮೯ರಲ್ಲಿ ಆಕೆಯು ಸಾಮ್ರಾಜ್ಞಿಯಾದಳು.

ಅಮ್ಹಾರಿಕ್ ಭಾಷೆಯಲ್ಲಿ "ಸಿಗಾ" ಎಂದರೆ ಮಾಂಸ. "ವೊಟ್" ಎಂದರೆ ಗಟ್ಟಿಯಾದ ಸಾರು. "ಬೆರ್ಬೆರೆ" ಎಂಬ ಕೆಂಪು ಮಸಾಲೆಯನ್ನು ಹಾಕಿ ಮಾಡಿದ್ದು ಕೆಂಪು ವೊಟ್. ಅದಿಲ್ಲದೆ ಅರಿಸಿನವನ್ನು ಹಾಕಿ ಖಾರ ಕಡಿಮೆಯಾಗಿ ಮಾಡಿದ್ದಕ್ಕೆ "ಅಲಿಚಾ" ಎಂದು ಹೆಸರು.

ಆ ದೇಶದ ಪುರಾತನವಾದ ಆರ್ಥಡಾಕ್ಸ್ ಸಭೆಯವರು ಸಾಮಾನ್ಯವಾಗಿ ಬುಧವಾರ ಶುಕ್ರವಾರಗಳಲ್ಲಿಯೂ, ಈಸ್ಟರ್ ಹಬ್ಬಕ್ಕೆ ಮುಂಚಿನ ೫೫ ದಿನಗಳಲ್ಲಿಯೂ, ಇನ್ನು ಕೆಲವು ಕಾಲಗಳಲ್ಲಿಯೂ ಉಪವಾಸವನ್ನು ಆಚರಿಸುವರು. ಆ ದಿನಗಳಲ್ಲಿ ಮಾಂಸ, ಮೊಟ್ಟೆ, ಹಾಲು, ಬೆಣ್ಣೆ ಇವೊಂದನ್ನೂ ಮುಟ್ಟುವುದಿಲ್ಲ. ಹೀಗಿರುವುದರಿಂದ ಮಾಂಸದ ವೊಟ್ ಎಂಬುದು ದಿನದಿನದ ಊಟವಲ್ಲ. ಕಾದುಕೊಂಡಿದ್ದು ಉಣ್ಣುವ ಹಬ್ಬದ ಊಟ. ಅದನ್ನು ಕೆಡಿಸಿದರೆ ಮನೆಯವರೆಲ್ಲರ ನಿರೀಕ್ಷೆಯನ್ನು ಕೆಡಿಸಿದಂತಾಗುವುದು. ಆದಕಾರಣವೇ ಅಲ್ಲಿಯ ತಾಯಂದಿರು ಅದರ ಕ್ರಮವನ್ನು ಬಹು ಎಚ್ಚರಿಕೆಯಿಂದ ಕಾಪಾಡಿಕೊಂಡು ಬಂದಿದ್ದಾರೆ.

೨. ಬೆರ್ಬೆರೆ ಪುಡಿ

ಮೆಣಸಿನಕಾಯಿಯು ಅಮೇರಿಕಾ ಖಂಡದ ಸಸ್ಯ. ೧೪೯೨ರ ನಂತರವೇ ಅದು ಸಮುದ್ರವನ್ನು ದಾಟಿ ಆಫ್ರಿಕಕ್ಕೂ ನಮ್ಮ ದೇಶಕ್ಕೂ ಬಂದಿತು. ಎರಡು ಕಡೆಗಳಲ್ಲಿಯೂ ಜನರು ಅದನ್ನು ತಮ್ಮ ಹಳೆಯ ಸಂಬಾರ ಪದಾರ್ಥಗಳೊಡನೆ ಕೂಡಿಸಿ ತಮ್ಮದನ್ನಾಗಿ ಮಾಡಿಕೊಂಡರು. ಇಥಿಯೋಪಿಯಾದಲ್ಲಿ ಒಣಗಿಸಿದ ಮೆಣಸಿನಕಾಯಿಗೆ ಬೆಳ್ಳುಳ್ಳಿ, ಶುಂಠಿ ಮತ್ತು ಸುವಾಸನೆಯ ಸೊಪ್ಪುಗಳನ್ನು ಸೇರಿಸಿ ಕುಟ್ಟಿ, ಮತ್ತೆ ಬಿಸಿಲಿನಲ್ಲಿ ಒಣಗಿಸಿ, ಹುರಿದ ಸಂಬಾರಗಳೊಡನೆ ನುಣ್ಣಗೆ ಬೀಸಿ ಬೆರ್ಬೆರೆಯನ್ನು ಸಿದ್ಧಮಾಡುವರು. ಅಲ್ಲಿಯ ಏಲಕ್ಕಿಯು ನಮ್ಮದಕ್ಕಿಂತ ದೊಡ್ಡದಾದ ಬೇರೆ ಜಾತಿ. ಅದಕ್ಕೆ "ಕೊರೆರಿಮಾ" ಎನ್ನುವರು. ಅದು ದೊರೆಯದ ಕಡೆ ನಮ್ಮ ಏಲಕ್ಕಿಯಿಂದಲೇ ತೃಪ್ತಿಪಡಬೇಕು.

ಮನೆಯಲ್ಲಿ ಮಾಡುವುದಕ್ಕೆ ಈ ಅಳತೆಯು ಸಾಕು: ಒಣ ಮೆಣಸಿನಕಾಯಿ ೧೦೦ ಗ್ರಾಂ, ಕೊತ್ತಂಬರಿ ಬೀಜ ೨ ಚಹಾ ಚಮಚ, ಮೆಂತ್ಯ, ಓಮ, ಕರಿಜೀರಿಗೆ, ಕಾಳುಮೆಣಸು, ಏಲಕ್ಕಿ ಬೀಜ ಇವು ಒಂದೊಂದು ಚಹಾ ಚಮಚ, ಲವಂಗ ೬, ಚಕ್ಕೆ ಒಂದು ಚಿಕ್ಕ ತುಂಡು, ಒಣಶುಂಠಿಯ ಪುಡಿ ೨ ಚಹಾ ಚಮಚ, ಉಪ್ಪು ೧ ಚಹಾ ಚಮಚ. ಮೆಣಸಿನಕಾಯಿಯಲ್ಲಿ ಐದರಲ್ಲಿ ನಾಲ್ಕು ಪಾಲು ಬ್ಯಾಡಗಿಯದೂ ಒಂದು ಪಾಲು ಖಾರವಾದ ಜಾತಿಯದೂ ಆದರೆ ಬಣ್ಣವೂ ಖಾರವೂ ಹಿತವಾಗಿರುವುವು. ಸಂಬಾರಗಳನ್ನು ಸಣ್ಣ ಉರಿಯಲ್ಲಿ ಬೇರೆ ಬೇರೆಯಾಗಿ ಹುರಿಯಬೇಕು. ಮೆಂತ್ಯವು ಕಪ್ಪಾದರೆ ಪುಡಿಯೆಲ್ಲಾ ಕಹಿಯಾಗುವುದು. ಎಲ್ಲವೂ ಆರಿದ ಮೇಲೆ ಪುಡಿಮಾಡಿ ಜರಡಿ ಹಿಡಿದು, ಒಣಗಿದ ಸೀಸೆಯಲ್ಲಿ ಮುಚ್ಚಿಡಬೇಕು.

೩. ಸಂಬಾರದ ತುಪ್ಪ

ಈ ತುಪ್ಪಕ್ಕೆ "ನಿತೆರ್ ಕಿಬೆ" ಎಂದು ಹೆಸರು. ೨೫೦ ಗ್ರಾಂ ಉಪ್ಪಿಲ್ಲದ ಬೆಣ್ಣೆಯನ್ನು ಕರಗಿಸಿ, ಅದರಲ್ಲಿ ಹೆಚ್ಚಿದ ಚಿಕ್ಕ ಈರುಳ್ಳಿ ಒಂದು, ಜಜ್ಜಿದ ಬೆಳ್ಳುಳ್ಳಿ ನಾಲ್ಕು ಎಸಳು, ಶುಂಠಿ ಒಂದು ತುಂಡು, ಮೆಂತ್ಯ ಕಾಲು ಚಮಚ, ಜಜ್ಜಿದ ಏಲಕ್ಕಿ ನಾಲ್ಕು, ಅರಿಸಿನ ಒಂದು ಚಿಟಿಕೆ ಇವುಗಳನ್ನು ಹಾಕಿ, ಅತಿ ಸಣ್ಣ ಉರಿಯಲ್ಲಿ ಅರ್ಧ ಗಂಟೆಯವರೆಗೆ ಇಟ್ಟು, ತೆಳುವಾದ ಬಟ್ಟೆಯಲ್ಲಿ ಸೋಸಬೇಕು. ನಮ್ಮ ತುಪ್ಪದಂತೆಯೇ ಇದರಲ್ಲಿಯೂ ನೀರಿನಂಶವು ಹೋಗಿಬಿಡುವುದರಿಂದ ಬೇಗನೆ ಕೆಡುವುದಿಲ್ಲ.

೪. ಅಡಿಗೆಯ ಕ್ರಮ

ಆರು ಮಂದಿಗೆ ಬೇಕಾದುವು: ದನದ ಮಾಂಸ ೧ ಕಿಲೋ, ಕೆಂಪು ಈರುಳ್ಳಿ ೧ ಕಿಲೋ, ಸಂಬಾರದ ತುಪ್ಪ ೧೫೦ ಗ್ರಾಂ, ಬೆರ್ಬೆರೆ ೪ ಅಥವಾ ೫ ದೊಡ್ಡ ಚಮಚ, ಅರೆದ ಬೆಳ್ಳುಳ್ಳಿ ೨ ದೊಡ್ಡ ಚಮಚ, ಅರೆದ ಶುಂಠಿ ೧ ದೊಡ್ಡ ಚಮಚ, ಉಪ್ಪು, ಬಿಸಿನೀರು. ಖಾರದ ಅಭ್ಯಾಸವಿಲ್ಲದ ಮಕ್ಕಳಿದ್ದರೆ ಬೆರ್ಬೆರೆ ೩ ಚಮಚ ಸಾಕು. ಮಾಂಸವು ಮುಂಗಾಲಿನ ಮೇಲ್ಭಾಗದ್ದು ಅಥವಾ ಮೊಣಕಾಲಿನ ಕೆಳಭಾಗದ್ದು ಆಗಿರಲಿ. ಬೆರಳಿನ ಗೆಣ್ಣಿನಷ್ಟು ದೊಡ್ಡ ತುಂಡುಗಳನ್ನು ಮಾಡಬೇಕು.

ಮೊದಲನೆಯದಾಗಿ, ಈರುಳ್ಳಿಯನ್ನು ಸಾಧ್ಯವಾದಷ್ಟು ಸಣ್ಣಗೆ ಹೆಚ್ಚಿ, ತಳವು ದಪ್ಪವಾಗಿರುವ ಪಾತ್ರೆಯಲ್ಲಿ, ಎಣ್ಣೆಯನ್ನಾಗಲಿ ತುಪ್ಪವನ್ನಾಗಲಿ ಹಾಕದೆ, ಸಣ್ಣ ಉರಿಯ ಮೇಲಿಡಬೇಕು. ಆಗಾಗ್ಗೆ ಕೈಯಾಡಿಸುತ್ತಾ, ತಳ ಹಿಡಿಯುವಂತೆ ತೋರಿದಾಗ ಒಂದು ಚಮಚ ಬಿಸಿನೀರನ್ನು ಮಾತ್ರ ಚಿಮುಕಿಸಬೇಕು. ಅರ್ಧ ಗಂಟೆಯಿಂದ ಮುಕ್ಕಾಲು ಗಂಟೆಯೊಳಗೆ ಈರುಳ್ಳಿಯು ತನ್ನ ನೀರನ್ನೆಲ್ಲಾ ಬಿಟ್ಟು, ಕುಗ್ಗಿ, ಕಂದುಬಣ್ಣದ ಮುದ್ದೆಯಾಗುವುದು.

ಎರಡನೆಯದಾಗಿ, ತುಪ್ಪವನ್ನು ಹಾಕಿ ಐದು ನಿಮಿಷ ಬಾಡಿಸಿ, ಬೆರ್ಬೆರೆಯನ್ನು ಸೇರಿಸಬೇಕು. ಉರಿಯನ್ನು ಇನ್ನೂ ತಗ್ಗಿಸಿ, ಸ್ವಲ್ಪ ಸ್ವಲ್ಪವಾಗಿ ನೀರನ್ನು ಚಿಮುಕಿಸುತ್ತಾ ಕಾಲು ಗಂಟೆಯವರೆಗೆ ಕಲಕುತ್ತಿರಬೇಕು. ಹಸಿ ಖಾರದ ವಾಸನೆಯು ಹೋಗಿ ತುಪ್ಪವು ಅಂಚಿನಲ್ಲಿ ಕೆಂಪಾಗಿ ಬೇರ್ಪಟ್ಟಾಗ ಬೆಳ್ಳುಳ್ಳಿಯನ್ನೂ ಶುಂಠಿಯನ್ನೂ ಹಾಕಿ ಐದು ನಿಮಿಷ ಬಿಡಬೇಕು.

ಮೂರನೆಯದಾಗಿ, ಮಾಂಸವನ್ನು ಹಾಕಿ ಮಸಾಲೆಯು ಎಲ್ಲಾ ಕಡೆಗೂ ಹತ್ತುವಂತೆ ಹೊರಳಿಸಿ, ಎರಡು ಬಟ್ಟಲು ಬಿಸಿನೀರನ್ನೂ ಉಪ್ಪನ್ನೂ ಸೇರಿಸಿ, ಮುಚ್ಚಳವನ್ನಿಟ್ಟು ಒಂದೂವರೆ ಗಂಟೆಯಿಂದ ಎರಡು ಗಂಟೆಯವರೆಗೆ ಮೆಲ್ಲಗೆ ಬೇಯಿಸಬೇಕು. ನೀರು ಬತ್ತಿದರೆ ಮತ್ತೆ ಬಿಸಿನೀರನ್ನೇ ಹಾಕಬೇಕು. ಕಡೆಯಲ್ಲಿ ಕಾಳುಮೆಣಸು, ಲವಂಗ, ಚಕ್ಕೆ, ಏಲಕ್ಕಿ ಇವುಗಳ ನುಣುಪಾದ ಪುಡಿಯನ್ನು ಅರ್ಧ ಚಹಾ ಚಮಚದಷ್ಟು ಉದುರಿಸಿ ಇಳಿಸಬೇಕು.

ದನದ ಮಾಂಸಕ್ಕೆ ಕಾನೂನಾಗಲಿ ಮನೆಯ ಆಚಾರವಾಗಲಿ ಅಡ್ಡಿಯಾಗಿರುವ ಕಡೆಗಳಲ್ಲಿ ಕುರಿಯ ಮಾಂಸದಿಂದ ಇದನ್ನು ಮಾಡಬಹುದು. ಇಥಿಯೋಪಿಯಾದಲ್ಲಿಯೂ ಕುರಿಯ ವೊಟ್ ಉಂಟು. ಉಪವಾಸದ ದಿನಗಳಲ್ಲಿ ಅಲ್ಲಿಯವರು ತುಪ್ಪಕ್ಕೆ ಬದಲಾಗಿ ಎಣ್ಣೆಯನ್ನೂ ಮಾಂಸಕ್ಕೆ ಬದಲಾಗಿ ಮಸೂರ ಬೇಳೆಯನ್ನೂ ಹಾಕಿ ಇದೇ ಕ್ರಮದಲ್ಲಿ ಅಡಿಗೆ ಮಾಡುವರು.

೫. ಈ ಕ್ರಮಕ್ಕೆ ಕಾರಣಗಳು

ನಮ್ಮ ಮನೆಗಳಲ್ಲಿ ಮೊದಲು ಎಣ್ಣೆ ಕಾಯಿಸಿ ಅನಂತರ ಈರುಳ್ಳಿಯನ್ನು ಹಾಕುವುದು ರೂಢಿ. ಎಣ್ಣೆಯಿದ್ದರೆ ಈರುಳ್ಳಿಯ ತುಂಡುಗಳ ಅಂಚುಗಳು ಬೇಗನೆ ಹುರಿದು ಗಟ್ಟಿಯಾಗಿ, ತುಂಡು ತುಂಡಾಗಿಯೇ ಉಳಿಯುವುವು. ಎಣ್ಣೆಯಿಲ್ಲದಿದ್ದರೆ ಈರುಳ್ಳಿಯು ತನ್ನ ನೀರಿನಲ್ಲಿಯೇ ಬೆಂದು ಕರಗುವುದು. ಅದರ ಕಟುವಾದ ವಾಸನೆಯು ಹಾರಿಹೋಗಿ ಸಿಹಿಯು ಉಳಿಯುವುದು. ಹಿಟ್ಟಾಗಲಿ ಕಾಯಿಯಾಗಲಿ ಇಲ್ಲದ ಈ ಸಾರಿಗೆ ಗಟ್ಟಿತನವನ್ನು ಕೊಡತಕ್ಕದ್ದು ಕರಗಿದ ಈರುಳ್ಳಿಯೇ, ಖಾರವನ್ನು ತಡೆದು ಹಿತಮಾಡತಕ್ಕದ್ದು ಅದರ ಸಿಹಿಯೇ. ಹತ್ತು ನಿಮಿಷದಲ್ಲಿ ಈ ಘಟ್ಟವನ್ನು ಮುಗಿಸಿದವರ ಪಾತ್ರೆಯಲ್ಲಿ ನೀರು ಬೇರೆ, ಈರುಳ್ಳಿ ಬೇರೆ, ಖಾರ ಬೇರೆಯಾಗಿ ನಿಲ್ಲುವುವು. ಮುಂದೆ ಎಷ್ಟು ಹೊತ್ತು ಬೇಯಿಸಿದರೂ ಆ ಕೊರತೆಯು ತುಂಬಿಬರುವುದಿಲ್ಲ.

ಮೆಣಸಿನಕಾಯಿಯ ಬಣ್ಣವೂ ಖಾರವೂ ನೀರಿಗಿಂತ ಕೊಬ್ಬಿನಲ್ಲಿ ಚೆನ್ನಾಗಿ ಕರಗುವ ವಸ್ತುಗಳು. ಆದುದರಿಂದ ತುಪ್ಪವು ಬಿದ್ದ ಮೇಲೆಯೇ ಬೆರ್ಬೆರೆಯನ್ನು ಹಾಕುವರು. ಆದರೆ ಪುಡಿಯು ಬಲು ಬೇಗನೆ ಸೀಯುವುದರಿಂದ ನೀರನ್ನು ಚಿಮುಕಿಸುತ್ತಿರುವರು.

ಮಾಂಸದ ವಿಷಯವು ಬೇರೆ. ಹೆಚ್ಚು ದುಡಿದ ಅವಯವಗಳ ಮಾಂಸದಲ್ಲಿ ನಾರು ಬಹಳ. ದೀರ್ಘವಾದ ಬಿಸಿಯಲ್ಲಿ ಅದು ಕರಗಿ ಅಂಟಾದ ರಸವಾಗಿ ಸಾರಿಗೆ ಮೃದುತ್ವವನ್ನು ಕೊಡುವುದು. ಎತ್ತರದ ಸ್ಥಳಗಳಲ್ಲಿ ವಾಯುವಿನ ಒತ್ತಡವು ಕಡಿಮೆಯಾದುದರಿಂದ ಅದ್ದಿಸ್ ಅಬಬಾದಲ್ಲಿ ನೀರು ಸುಮಾರು ೯೨ ಡಿಗ್ರಿ ಸೆಂಟಿಗ್ರೇಡಿನಲ್ಲಿಯೇ ಕುದಿಯುವುದು. ಆದಕಾರಣ ಅಲ್ಲಿ ಮಾಂಸವು ಬೇಯಲು ಹೆಚ್ಚು ಹೊತ್ತು ಹಿಡಿಯುವುದು. ಪ್ರೆಷರ್ ಕುಕ್ಕರು ಇದಕ್ಕೆ ವಿರುದ್ಧವಾಗಿ, ಒತ್ತಡವನ್ನು ಹೆಚ್ಚಿಸಿ, ಕುದಿಯುವ ಬಿಸಿಯನ್ನು ೧೦೦ ಡಿಗ್ರಿಗಿಂತ ಮೇಲಕ್ಕೇರಿಸುವುದು. ಆದುದರಿಂದ ಮಾಂಸವನ್ನು ಹಾಕಿದ ಮೇಲೆ ಒಂದೇ ಬಟ್ಟಲು ನೀರಿಟ್ಟು, ಮೊದಲನೆಯ ಸೀಟಿಯ ನಂತರ ಸಣ್ಣ ಉರಿಯಲ್ಲಿ ೨೫ ನಿಮಿಷ ಬೇಯಿಸಿದರೆ ಹೆಚ್ಚಿನ ನಷ್ಟವೇನೂ ಇಲ್ಲ. ಸಾರಾಂಶವೇನೆಂದರೆ, ಮಾಂಸದ ಘಟ್ಟದಲ್ಲಿ ಯಂತ್ರದ ಸಹಾಯದಿಂದ ಅವಸರಪಡಬಹುದು. ಈರುಳ್ಳಿಯ ಘಟ್ಟದಲ್ಲಿಯೂ ಬೆರ್ಬೆರೆಯ ಘಟ್ಟದಲ್ಲಿಯೂ ಅವಸರವು ಸಲ್ಲದು.

ಆರೋಗ್ಯದ ದೃಷ್ಟಿಯಿಂದ ಒಂದು ಮಾತು. ಇಥಿಯೋಪಿಯಾದಲ್ಲಿ ಹಸಿಯಾದ ದನದ ಮಾಂಸವನ್ನು ತಿನ್ನುವ ಪದ್ಧತಿಯೂ ಉಂಟು. ಗುರಾಗೆ ಜನರ "ಕಿತ್ಫೊ" ಎಂಬುದು ಅದಕ್ಕೆ ಹೆಸರಾಗಿದೆ. ಹಸಿ ಮಾಂಸದಿಂದ ಲಾಡಿಹುಳುವು ಹೊಟ್ಟೆಯನ್ನು ಸೇರುವುದರಿಂದ, ಅದನ್ನು ಹೊರಡಿಸಲು "ಕೊಸ್ಸೊ" ಎಂಬ ಮರದ ಹೂವನ್ನು ಅಲ್ಲಿಯವರು ಬಹುಕಾಲದಿಂದ ಔಷಧವಾಗಿ ಉಪಯೋಗಿಸಿದ್ದಾರೆ. ನಮ್ಮ ಮನೆಗಳಲ್ಲಿ ಮಾಂಸವನ್ನು ಪೂರ್ಣವಾಗಿ ಬೇಯಿಸಿಯೇ ಬಡಿಸತಕ್ಕದ್ದು.

೬. ಬಡಿಸುವ ರೀತಿ

ವೊಟ್ಟನ್ನು "ಇಂಜೆರಾ" ಎಂಬ ಅಗಲವಾದ ದೋಸೆಯ ಮೇಲೆ ಬಡಿಸುವರು. ಟೆಫ್ ಎಂಬ ಅತಿ ಸಣ್ಣ ಧಾನ್ಯದ ಹಿಟ್ಟನ್ನು ಎರಡು ಮೂರು ದಿನ ಹುಳಿಬರಿಸಿ, ಅಗಲವಾದ ಹೆಂಚಿನ ಮೇಲೆ ಒಂದೇ ಮಗ್ಗುಲಾಗಿ ಬೇಯಿಸಿದರೆ ಮೇಲೆಲ್ಲಾ ಕಣ್ಣುಕಣ್ಣಾಗಿ ಏಳುವುದು. ಟೆಫ್ ಸಿಕ್ಕದ ಕಡೆ ರಾಗಿಯ ಹಿಟ್ಟಿನ ಹುಳಿ ದೋಸೆಯು ಒಳ್ಳೆಯ ಜೊತೆ. ಇದು ಕೇವಲ ಅನುಕೂಲದ ಮಾತಲ್ಲ. ನಮ್ಮ ರಾಗಿಯು ಮೊದಲು ಪೂರ್ವ ಆಫ್ರಿಕದ ಎತ್ತರದ ಪ್ರದೇಶಗಳಲ್ಲಿ ಕೃಷಿಗೆ ಬಂದು, ಸಾವಿರಾರು ವರ್ಷಗಳ ಹಿಂದೆ ಭಾರತವನ್ನು ಸೇರಿತೆಂದು ಸಸ್ಯಶಾಸ್ತ್ರಜ್ಞರು ತಿಳಿಸಿದ್ದಾರೆ. ಇಥಿಯೋಪಿಯಾದಲ್ಲಿ ಅದಕ್ಕೆ "ದಗುಸ್ಸಾ" ಎಂದು ಹೆಸರು. ಅದರಿಂದಲೂ ಇಂಜೆರಾ ಮಾಡುವರು. ಖಾರವನ್ನು ತಗ್ಗಿಸಲು ಹಾಲಿನ ಹಸಿ ಗಿಣ್ಣನ್ನು ಪಕ್ಕದಲ್ಲಿಡುವರು. ನಾವು ಗಟ್ಟಿ ಮೊಸರನ್ನಿಡಬಹುದು.

ಕೈ ತೊಳೆದುಕೊಂಡು ಎಲ್ಲರೂ ಒಂದೇ ಹರಿವಾಣದ ಸುತ್ತ ಕುಳಿತು, ಇಂಜೆರಾವನ್ನು ಬಲಗೈಯಿಂದ ಮುರಿದು, ಅದರಲ್ಲಿ ವೊಟ್ಟನ್ನು ಹಿಡಿದು ತಿನ್ನುವರು. ಪ್ರೀತಿಪಾತ್ರರಾದವರಿಗೆ ತುತ್ತನ್ನು ಸುತ್ತಿ ತಮ್ಮ ಕೈಯಿಂದಲೇ ಬಾಯಿಗಿಡುವರು. ಈ ತುತ್ತಿಗೆ "ಗುರ್ಷಾ" ಎಂದು ಹೆಸರು. ಅದನ್ನು ಬೇಡವೆನ್ನುವುದು ಮರ್ಯಾದೆಯಲ್ಲ.

೭. ಶ್ರಮದ ಹಂಚಿಕೆ

ಇಷ್ಟು ದೀರ್ಘವಾದ ಅಡಿಗೆಗೆ ಉರುವಲು ಬೇಕು, ಒಲೆಯ ಮುಂದೆ ನಿಲ್ಲುವವರೂ ಬೇಕು. ಮೆನೆಲಿಕ್ ಚಕ್ರವರ್ತಿಯ ಕಾಲದಲ್ಲಿ ಹೊಸ ರಾಜಧಾನಿಯ ಸುತ್ತಲಿನ ಮರಗಳು ಕಡಿದುಹೋಗಿ ಕಟ್ಟಿಗೆಯ ಅಭಾವವುಂಟಾದಾಗ, ಆಸ್ಟ್ರೇಲಿಯಾದ ನೀಲಗಿರಿ ಮರವನ್ನು ತರಿಸಿ ನೆಡಿಸಿದರು. ಎಂಟೊಟೊ ಬೆಟ್ಟದ ಆ ತೋಪುಗಳಿಂದ ಕಟ್ಟಿಗೆಯ ಹೊರೆಗಳನ್ನು ಬೆನ್ನ ಮೇಲೆ ಹೊತ್ತು ಪಟ್ಟಣಕ್ಕೆ ತಂದವರು ಬಹುಮಟ್ಟಿಗೆ ಸ್ತ್ರೀಯರೇ. ಹೊಗೆಯ ನಡುವೆ ನಿಂತು ಈರುಳ್ಳಿಯನ್ನು ಕಲಕಿದವರೂ ಅವರೇ. ಒಂದು ತಟ್ಟೆ ಅನ್ನದ ಹಿಂದೆ ಎಷ್ಟು ಜನರ ದುಡಿಮೆಯಿದೆ ಎಂಬುದನ್ನು ಈ ಅಡಿಗೆಯು ನಮಗೂ ತಿಳಿಸುವುದು.

ಆದುದರಿಂದ ಈ ವೊಟ್ಟನ್ನು ಮಾಡುವ ದಿನ ಗೃಹಿಣಿಯೊಬ್ಬಳೇ ಒಲೆಯ ಮುಂದೆ ನಿಲ್ಲದಿರಲಿ. ಗಂಡುಮಕ್ಕಳು ಈರುಳ್ಳಿಯನ್ನು ಸುಲಿಯಲಿ, ಹೆಣ್ಣುಮಕ್ಕಳು ಸಂಬಾರವನ್ನು ಅಳೆಯಲಿ, ಮನೆಯ ಯಜಮಾನರು ಕಾಲು ಗಂಟೆ ಸೌಟನ್ನು ಹಿಡಿಯಲಿ. ಒಂದೇ ಹರಿವಾಣದಲ್ಲಿ ಉಣ್ಣುವ ಅಡಿಗೆಯನ್ನು ಎಲ್ಲರೂ ಕೂಡಿ ಮಾಡುವುದೇ ಯುಕ್ತ. ಮೊದಲನೆಯ ಸಲ ಮಾಡುವವರು ಬೆಲೆಯುಳ್ಳ ಮಾಂಸವನ್ನು ತರುವ ಮುಂಚೆ ಮಸೂರ ಬೇಳೆಯಿಂದ ಈ ಕ್ರಮವನ್ನು ಒಮ್ಮೆ ಅಭ್ಯಾಸಮಾಡಿ ನೋಡುವುದು ಲೇಸು. ಈರುಳ್ಳಿಯು ಮುದ್ದೆಯಾಗುವ ಗುರುತನ್ನು ಕಣ್ಣೂ ಮೂಗೂ ಒಂದು ಸಾರಿ ಕಲಿತುಕೊಂಡರೆ, ಮಿಕ್ಕ ಕೆಲಸವು ಸುಲಭವಾಗುವುದು.