ಮೂಕಿಯುಗದ ಕೊಲ್ಹಾಪುರ: ಕನ್ನಡ ಚಲನಚಿತ್ರ ಚರಿತ್ರೆಯ ಒಂದು ಪೂರ್ವಪೀಠಿಕೆ

ಕನ್ನಡ ವಾಕ್ಚಿತ್ರದ ಚರಿತ್ರೆಯನ್ನು 1934ರ 'ಸತಿ ಸುಲೋಚನಾ'ದಿಂದ ಆರಂಭಿಸುವುದು ರೂಢಿ. ವೈ.ವಿ. ರಾವ್ ನಿರ್ದೇಶಿಸಿದ, ಬೆಳ್ಳಾವೆ ನರಹರಿ ಶಾಸ್ತ್ರಿಗಳು ಸಾಹಿತ್ಯ ಒದಗಿಸಿದ ಈ ಚಿತ್ರ ತಯಾರಾದುದು ಕೊಲ್ಹಾಪುರದ ಛತ್ರಪತಿ ಸ್ಟುಡಿಯೋದಲ್ಲಿ. ನಮ್ಮ ಬರಹಗಳು ಈ ಸಂಗತಿಯನ್ನು ಒಂದೇ ವಾಕ್ಯದಲ್ಲಿ ಹೇಳಿ ಮುಂದೆ ಸಾಗುತ್ತವೆ. ಬೆಂಗಳೂರಿನಲ್ಲಿ ಆಗ ವಾಕ್ಚಿತ್ರಕ್ಕೆ ಬೇಕಾದ ಸೌಕರ್ಯವಿರಲಿಲ್ಲವೆಂಬುದು ಸರಿಯೇ. ಆದರೆ ಮುಂಬಯಿಯೂ ಮದರಾಸೂ ಅಲ್ಲದ ಒಂದು ಸಂಸ್ಥಾನದ ಪಟ್ಟಣದಲ್ಲಿ ಆ ಸೌಕರ್ಯ ಹೇಗೆ ಬಂದಿತು? ಪ್ರಶ್ನೆ ಇರುವುದು ಇಲ್ಲಿ.

ಇದರ ಉತ್ತರ ರಂಗಭೂಮಿಯ ಪರದೆಯಲ್ಲಿದೆ. ಬಾಬುರಾವ್ ಪೇಂಟರ್ (1890-1954) ಮತ್ತು ಅವರ ದಾಯಾದಿ ಸಹೋದರ ಆನಂದರಾವ್ ನಾಟಕ ಕಂಪನಿಗಳಿಗೆ ಪರದೆ ಬರೆಯುತ್ತಿದ್ದ ಕುಶಲಕರ್ಮಿಗಳು. ಸಿನಿಮಾದ ಮೋಹಕ್ಕೆ ಬಿದ್ದ ಇವರು ಕ್ಯಾಮೆರಾವನ್ನು ತಾವೇ ತಯಾರಿಸಲು ತೊಡಗಿದರು. 1916ರಲ್ಲಿ ಆನಂದರಾವ್ ತೀರಿಕೊಂಡರು. ಬಾಬುರಾವ್ ತಮ್ಮ ಶಿಷ್ಯ ವಿ.ಜಿ. ದಾಮ್ಲೆಯವರ ನೆರವಿನಿಂದ ಕೆಲಸ ಮುಂದುವರಿಸಿ 1918ರ ಹೊತ್ತಿಗೆ ಕ್ಯಾಮೆರಾವನ್ನು ಸಿದ್ಧಪಡಿಸಿದರು. ಮಹಾರಾಷ್ಟ್ರ ಫಿಲ್ಮ್ ಕಂಪನಿಗೆ ಹಣ ಒದಗಿಸಿದವರಲ್ಲಿ ಗಾಯಕಿ ತಾನಿಬಾಯಿ ಕಾಗಲ್ಕರ್ ಪ್ರಮುಖರು. ಚಿತ್ರೋದ್ಯಮದ ಚರಿತ್ರೆಯಲ್ಲಿ ಇಂಥ ಹೆಂಗಸರ ಹಣದ ಲೆಕ್ಕವನ್ನು ಯಾರೂ ಸರಿಯಾಗಿ ಬರೆದಿಲ್ಲವೆಂಬುದು ಬೇರೆ ಮಾತು.

1920ರ 'ಸೈರಂಧ್ರಿ'ಯಲ್ಲಿ ಕೀಚಕವಧೆಯ ದೃಶ್ಯ ಎಷ್ಟು ನೈಜವಾಗಿತ್ತೆಂದರೆ ಅದಕ್ಕೆ ಕತ್ತರಿ ಬಿದ್ದಿತು. ಪರದೆ ಬರೆದು ಬಲ್ಲವರಾದ್ದರಿಂದಲೇ ಬಾಬುರಾವ್ ಪರದೆಯ ಮಿತಿಯನ್ನೂ ಬಲ್ಲವರಾಗಿದ್ದರು. ಚಪ್ಪಟೆ ಪರದೆಯ ಬದಲು ಘನಾಕಾರದ ಸೆಟ್ಟುಗಳನ್ನು ಅವರು ಬಳಕೆಗೆ ತಂದರು. 1925ರ 'ಸಾವಕಾರಿ ಪಾಶ' ಪುರಾಣದಿಂದ ಹೊರಬಂದು ಸಾಹುಕಾರನ ಸಾಲಕ್ಕೆ ಸಿಲುಕಿದ ರೈತನ ಕಥೆ ಹೇಳಿತು. ಆ ರೈತನ ಪಾತ್ರ ವಹಿಸಿದವರು ವಿ. ಶಾಂತಾರಾಮ್. ಅವರೂ ದಾಮ್ಲೆ, ಫತ್ತೇಲಾಲ್ ಮೊದಲಾದವರೂ ಸೇರಿ 1929ರಲ್ಲಿ ಕೊಲ್ಹಾಪುರದಲ್ಲೇ ಪ್ರಭಾತ್ ಕಂಪನಿಯನ್ನು ಸ್ಥಾಪಿಸಿದರು. 1933ರಲ್ಲಿ ಪ್ರಭಾತ್ ಪುಣೆಗೆ ಹೋಯಿತು. ಕಂಪನಿ ಹೋದರೂ ಹದಿನೈದು ವರ್ಷಗಳಲ್ಲಿ ಬಡಗಿ, ಬಣ್ಣಗಾರ, ಬೆಳಕಿನವರಲ್ಲಿ ಬೇರೂರಿದ್ದ ಕಸುಬು ಒಮ್ಮೆಲೇ ಊರು ಬಿಟ್ಟಿರಲಾರದು. ಮರುವರ್ಷವೇ ತೆರೆಕಂಡ ಕನ್ನಡ ಚಿತ್ರಕ್ಕೆ ದೊರೆತದ್ದು ಈ ಹದಗೊಂಡ ನೆಲವೆಂದು ನನ್ನ ಅಭಿಪ್ರಾಯ.

ಸುಬ್ಬಯ್ಯನಾಯ್ಡು, ಆರ್. ನಾಗೇಂದ್ರರಾವ್ ಮೊದಲಾದವರು ವೃತ್ತಿರಂಗಭೂಮಿಯಿಂದ ಅಲ್ಲಿಗೆ ಹೋದವರು. ಅಂದರೆ ಕನ್ನಡ ನಾಟಕದ ಅಭಿನಯವೂ ಮರಾಠಿ ನಾಟಕದ ಪರದೆಯಿಂದ ಬೆಳೆದ ಚಿತ್ರಕಲೆಯೂ ಒಂದೇ ಅಂಗಳದಲ್ಲಿ ಸಂಧಿಸಿದವು. ಈ ಸಂಧಿಯನ್ನು ತೆರೆಯ ಮೇಲೆ ನೋಡಿ ಪರೀಕ್ಷಿಸುವ ಅವಕಾಶ ಮಾತ್ರ ನಮಗಿಲ್ಲ: 'ಸೈರಂಧ್ರಿ'ಯ ಪ್ರತಿಯಾಗಲಿ 'ಸತಿ ಸುಲೋಚನಾ'ದ ಪ್ರತಿಯಾಗಲಿ ಉಳಿದುಬಂದಿಲ್ಲ.