ಒಂದು ರಾತ್ರಿಗೆ 37,714 ರೂಪಾಯಿ

ತಮ್ಮ ಹೃದಯಾಘಾತದಿಂದ ಹೋದಾಗ ಅವನಿಗೆ ನಲವತ್ತೇಳು, ನನಗೆ ಐವತ್ತು. ವೈಕುಂಠ ಸಮಾರಾಧನೆ ಮುಗಿದರೂ ನಿದ್ದೆ ಹತ್ತುತ್ತಿರಲಿಲ್ಲ. ಬೆಳಗ್ಗೆ ಕೋಲ್ಸ್ ಪಾರ್ಕಿನಲ್ಲಿ ಸುತ್ತು ಹಾಕುವಾಗ ಒಂದೇ ಯೋಚನೆ: ದುಡಿದದ್ದು ಸಾಕು, ಇನ್ನಾದರೂ ನಾಲ್ಕು ಊರು ನೋಡಬೇಕು. ಅದೇ ವಾರ ಫೋನ್ ಬಂತು. ‘ಸರ್, ನಿಮಗೂ ಮೇಡಮ್ಮಿಗೂ ಊಟದ ಕೂಪನ್ ಬಂದಿದೆ.’

ಹೋಟೆಲಿನ ಹಾಲಿನಲ್ಲಿ ಮೂರು ತಾಸು ಕೂರಿಸಿದರು. ಯಾರಾದರೂ ಸಹಿ ಹಾಕಿದರೆ ಗಂಟೆ ಬಾರಿಸಿ ಚಪ್ಪಾಳೆ. ನಮ್ಮ ಟೇಬಲ್ಲಿನ ಹುಡುಗ ತಮ್ಮನ ವಿಷಯ ಕೇಳಿ ಕಣ್ಣಲ್ಲಿ ನೀರು ತಂದುಕೊಂಡ, ಆಮೇಲೆ ಕ್ಯಾಲ್ಕುಲೇಟರ್ ತೆಗೆದ. 25 ವರ್ಷದ ಹಾಲಿಡೇ ಮೆಂಬರ್‌ಷಿಪ್, ವರ್ಷಕ್ಕೆ 7 ರಾತ್ರಿ, 4,20,000 ರೂಪಾಯಿ. ವರ್ಷಕ್ಕೆ 16,800, ರಾತ್ರಿಗೆ 2,400. ‘ಲಾಡ್ಜ್ ರೇಟು ಸರ್!’ ರಾತ್ರಿ ಹತ್ತಕ್ಕೆ ಕಾರ್ಡ್ ಉಜ್ಜಿದೆ.

ಇಪ್ಪತ್ತಾರು ವರ್ಷ ಬೇರೆಯವರ ಲೆಕ್ಕಪತ್ರ ತಿದ್ದಿದ ನಾನು ಅವತ್ತು ಮಾಡದ ಲೆಕ್ಕ ಇದು. ವರ್ಷಕ್ಕೆ 18,000 ನಿರ್ವಹಣಾ ಶುಲ್ಕ, ಹೋದರೂ ಕಟ್ಟಬೇಕು, ಬಿಟ್ಟರೂ ಕಟ್ಟಬೇಕು. ಅದನ್ನು ಸೇರಿಸಿದರೆ ರಾತ್ರಿಗೆ 4,971. ಅದೇ ದುಡ್ಡು 7%ರ ಎಫ್‌ಡಿಯಲ್ಲಿದ್ದಿದ್ದರೆ ವರ್ಷಕ್ಕೆ 29,400 ಬಡ್ಡಿ. ಕೈಬಿಟ್ಟ ಬಡ್ಡಿ, ಕಟ್ಟಿದ ಶುಲ್ಕ ಎರಡೇ ಹಿಡಿದರೂ ರಾತ್ರಿಗೆ 6,771, ಅಸಲು ಮುಳುಗಿದ್ದು ಬೇರೆ. ಇಷ್ಟೂ ಏಳಕ್ಕೆ ಏಳು ರಾತ್ರಿ ಸಿಕ್ಕರೆ. ದಸರಾಕ್ಕೆ ಕೇಳಿದರೆ ಫುಲ್, ಬೇಸಿಗೆ ರಜೆಗೆ ಕೇಳಿದರೆ ಫುಲ್. ಆರು ವರ್ಷದಲ್ಲಿ ನಾವು ತಂಗಿದ್ದು 14 ರಾತ್ರಿ. 4,20,000ಕ್ಕೆ ಆರು ವರ್ಷದ ಶುಲ್ಕ 1,08,000 ಕೂಡಿಸಿ 14ರಿಂದ ಭಾಗಿಸಿ: 37,714. ತಿಂಡಿಯ ಬಿಲ್ಲು ಇದರಲ್ಲಿಲ್ಲ.

ಇದನ್ನು ಇನ್ವೆಸ್ಟ್‌ಮೆಂಟ್ ಅನ್ನುವವರನ್ನು ಕಂಡರೆ ಮೈ ಉರಿಯುತ್ತದೆ. ಒಮ್ಮೆ ಮಾರಲು ಹೋಗಿ ನೋಡಿ, ಮೂಸುವವರಿಲ್ಲ. ಸಾವಾದ ಮನೆಯಲ್ಲಿ ವರ್ಷ ತುಂಬುವವರೆಗೆ ಶುಭಕಾರ್ಯ ಬೇಡ ಅನ್ನುತ್ತಿದ್ದರು ಹಿರಿಯರು. ಸಹಿಯೂ ಬೇಡ ಅಂದಿದ್ದರೆ ಚೆನ್ನಾಗಿತ್ತು. ದುಃಖದಲ್ಲಿರುವವರೇ, ಕತ್ತಲಾದ ಮೇಲೆ ಪೆನ್ನು ಮುಟ್ಟಬೇಡಿ. ಬ್ರೋಷರ್ ಮನೆಗೆ ತನ್ನಿ, ಒಂದು ವಾರ ಟಿವಿ ಮೇಲೆ ಬಿದ್ದಿರಲಿ.

ಊರು ನೋಡಲು ಮೆಂಬರ್‌ಷಿಪ್ಪೇ ಬೇಕಿರಲಿಲ್ಲ. ರಾಜ್ಯ ಸರ್ಕಾರದ ಕಾಶಿ ಯಾತ್ರೆ ರೈಲು 2022ರ ನವೆಂಬರಿನಲ್ಲಿ ಶುರುವಾದಾಗ ಎಂಟು ದಿನಕ್ಕೆ 20,000, ಅದರಲ್ಲಿ 5,000 ಸರ್ಕಾರದ್ದೇ. ಆಮೇಲೊಮ್ಮೆ ತಮ್ಮನ ಹೆಂಡತಿ ಅದರಲ್ಲಿ ಹೋಗಿಬಂದಳು. ‘ಅವರ ಹೆಸರಲ್ಲಿ ಗಂಗೇಲಿ ಮುಳುಗಿ ಬಂದೆ ಭಾವ, ಈಗ ನಿದ್ದೆ ಬರ್ತಿದೆ’ ಅಂದಳು. ಅವಳು ಒಯ್ದದ್ದು ಅವತ್ತು ಹೋಟೆಲಿನಲ್ಲಿ ನಮಗೆ ಪುಕ್ಕಟೆ ಕೊಟ್ಟ ಟ್ರಾಲಿ ಬ್ಯಾಗು. ಮಾಸ್ಕ್ ರಸ್ತೆಯಲ್ಲಿ ಆಟೋದಿಂದ ಇಳಿಸುವಾಗ ಅದರ ಗಾಲಿ ಕಳಚಿ ಚರಂಡಿಗೆ ಬಿತ್ತು. ಸೊಂಟಕ್ಕೇರಿಸಿಕೊಂಡೇ ಮನೆಗೆ ತಂದಳು.